ನಲವತ್ತೊಂದನೇ ನಂಬರಿನ ಇಬ್ಬರು

ಡ್ವೈಟ್ ಕೊಸ್ಟಾಲ್ ತೀರಿಕೊಂಡಾಗ ಪತ್ರಿಕೆಗಳಲ್ಲಿ ಬಂದದ್ದನ್ನೆಲ್ಲ ಕತ್ತರಿಸಿ ಇಟ್ಟುಕೊಂಡಿದ್ದೇನೆ. ಒಂದರಲ್ಲೂ ನನ್ನ ಹೆಸರಿಲ್ಲ. ಅದರ ಬಗ್ಗೆ ನನಗೇನೂ ಬೇಜಾರಿಲ್ಲ. ರೋಜರ್ ಸ್ಟೆಂಗಲ್‌ನ ಹೆಸರೂ ಇಲ್ಲ. ಅದಕ್ಕೆ ಮಾತ್ರ ಹೊಟ್ಟೆ ಉರಿಯುತ್ತದೆ. ನನಗೀಗ ಎಂಬತ್ತಾಯಿತು, ಇನ್ನು ಯಾರ ಮುಲಾಜೂ ಬೇಕಿಲ್ಲ.

ಡ್ವೈಟ್ ನನ್ನ ತಂಗಿ ಲೊರೇನಳ ಗಂಡ. ನೆಬ್ರಾಸ್ಕದ ನಮ್ಮ ಟಾರ್ಕೆಟ್ ಸ್ಟೇಟ್ ಕಾಲೇಜಿನ ಫುಟ್‌ಬಾಲ್ ಪಂದ್ಯಗಳಿಗೆ ಟೀವಿಯಲ್ಲಿ ಕಾಮೆಂಟರಿ ಹೇಳುತ್ತಿದ್ದವನು. ನಮ್ಮ ಫುಟ್‌ಬಾಲ್ ಎಂದರೆ ಚೆಂಡನ್ನು ಕಂಕುಳಲ್ಲಿ ಅವುಚಿಕೊಂಡು ಓಡುವ, ಓಡುವವನನ್ನು ಹತ್ತು ಜನ ಬಿದ್ದು ಕೆಡವುವ ಆಟ. ಹೊಲಕ್ಕೆ ಹೋಗುವವರು, ಅಂಗಡಿ ನಡೆಸುವವರು, ಪಾದ್ರಿಗಳು, ಎಲ್ಲರೂ ಶನಿವಾರ ಮಧ್ಯಾಹ್ನ ಅವನ ದನಿಗೆ ಕಿವಿಯೊಡ್ಡುತ್ತಿದ್ದರು. ಜಾನುವಾರು ಹರಾಜು ಕೂಗುತ್ತಿದ್ದ ಅಪ್ಪನಿಂದ ಬಂದ ಗಂಟಲು ಅದು. ಮೂರು ಗಂಟೆ ಒಂದೇ ಸಮನೆ ಕೂಗಿದರೂ ಬಿರಿಯುತ್ತಿರಲಿಲ್ಲ.

ಮೈದಾನದ ಮೇಲಿನ ಕಾಮೆಂಟರಿ ಕೋಣೆಯಲ್ಲಿ ನಾನು ಅವನ ಎಡಭುಜದ ಪಕ್ಕ ಮೂವತ್ತಮೂರು ವರ್ಷ ನಿಂತವಳು. ನನ್ನ ಕೆಲಸ ಬೆರಳು ತೋರಿಸುವುದು. ನಮ್ಮ ಮುಂದೆ ಮೇಜಿನಗಲದ ಒಂದು ರಟ್ಟು ಇರುತ್ತಿತ್ತು. ಅದರ ಮೇಲೆ ಎರಡೂ ತಂಡದವರ ನಂಬರು, ಹೆಸರು, ಊರು. ಮೈದಾನದಲ್ಲಿ ಯಾರಿದ್ದಾರೋ ಅವರ ಹೆಸರಿಗೆ ಗುಂಡುಪಿನ್ನು. ಚೆಂಡು ಯಾರ ಕೈಗೆ ಹೋಯಿತು, ಯಾರು ಕೆಡವಿದ ಎಂದು ನೋಡಿ ನಾನು ಆ ಹೆಸರಿನ ಮೇಲೆ ಬೆರಳಿಡಬೇಕು. ಅವನು ರೆಪ್ಪೆ ಬಡಿಯುವಷ್ಟರಲ್ಲಿ ಕೆಳಗೆ ನೋಡಿ ಹೆಸರು ಕೂಗಬೇಕು. ಕೇಳುವವರು, ನೋಡಪ್ಪಾ, ಇವನಿಗೆ ಒಬ್ಬೊಬ್ಬ ಹುಡುಗನೂ ಗೊತ್ತು ಎಂದುಕೊಳ್ಳುತ್ತಿದ್ದರು.

ಈ ಕೆಲಸ ನನಗೆ ಬಂದದ್ದು ಮಂಗನಬಾವಿನ ದೆಸೆಯಿಂದ. ಸಾವಿರದ ಒಂಬೈನೂರ ಎಪ್ಪತ್ತೊಂಬತ್ತರಲ್ಲಿ, ಆಗ ಬೆರಳು ತೋರಿಸುತ್ತಿದ್ದ ಗಂಡಸಿಗೆ ಕೆನ್ನೆ ಊದಿಕೊಂಡಿತು. ಶನಿವಾರ ಬೆಳಿಗ್ಗೆ ಡ್ವೈಟ್ ಫೋನ್ ಮಾಡಿದ.

"ಟೀಚರಮ್ಮಾ, ಸ್ಕೂಲಲ್ಲಿ ಮಕ್ಕಳ ಬೆನ್ನು ನೋಡಿನೇ ಹೆಸರು ಹಿಡಿದು ಕೂಗ್ತೀಯಂತಲ್ಲ?"

"ಟೈಪಿಂಗ್ ಕ್ಲಾಸಿಗೆ ಚಕ್ಕರ್ ಹಾಕೋರ ಬೆನ್ನು ಮಾತ್ರ. ಯಾಕೆ?"

"ಹಾಗಾದ್ರೆ ಕೋಟು ಹಾಕ್ಕೊಂಡು ಬಾ. ಇವತ್ತು ನೂರು ಬೆನ್ನು ಇದಾವೆ."

ಹೋದೆ. ಆಮೇಲೆ ಹಳೆಯವನು ಗುಣವಾಗಿ ಬಂದರೂ ಡ್ವೈಟ್ ಅವನನ್ನು ಒಳಗೆ ಬಿಡಲಿಲ್ಲ. ನನ್ನ ಬೆರಳು ಒಂದು ಸಲವೂ ತಪ್ಪಿಲ್ಲ ಎಂದು ಅವನೇ ಎಲ್ಲರೆದುರು ಹೇಳುತ್ತಿದ್ದ. ಇದು ಜಂಬಕ್ಕೆ ಹೇಳುತ್ತಿಲ್ಲ. ಮುಂದಿನದು ತಿಳಿಯಬೇಕಾದರೆ ಇದು ಗೊತ್ತಿರಬೇಕು.

ಕಾಲೇಜು ತಂಡದಲ್ಲಿ ನೂರಕ್ಕಿಂತ ಹೆಚ್ಚು ಹುಡುಗರು. ಅಂಗಿಗೆ ಇರುವುದು ತೊಂಬತ್ತೊಂಬತ್ತರವರೆಗಿನ ನಂಬರು. ಆದ್ದರಿಂದ ಒಂದೇ ನಂಬರನ್ನು ಇಬ್ಬರಿಗೆ ಕೊಡುತ್ತಾರೆ, ಇಬ್ಬರೂ ಒಟ್ಟಿಗೆ ಮೈದಾನಕ್ಕೆ ಇಳಿಯಬಾರದು ಅಷ್ಟೇ. ತೊಂಬತ್ತೊಂದನೇ ಇಸವಿಯಲ್ಲಿ ನಮ್ಮ ನಲವತ್ತೊಂದನೇ ನಂಬರಿನವನು ಟೆರೆನ್ಸ್ ಬಾಯ್ಡ್. ರಾಜ್ಯದ ಮಕ್ಕಳೆಲ್ಲ ಅವನ ಅಂಗಿ ತೊಟ್ಟು ತಿರುಗುತ್ತಿದ್ದ ಕಾಲ. ಇನ್ನೊಬ್ಬ ನಲವತ್ತೊಂದರವನು ಇದ್ದಾನೆ ಎಂದು ತಂಡದ ಅಡುಗೆಯವರಿಗೂ ಗೊತ್ತಿರಲಿಲ್ಲವೇನೋ. ಅವನೇ ರೋಜರ್ ಸ್ಟೆಂಗಲ್. ಅವನನ್ನು ಯಾರೂ ಕರೆದು ತಂಡಕ್ಕೆ ಸೇರಿಸಿಕೊಂಡಿರಲಿಲ್ಲ. ತಾನೇ ಬಂದು, ತಾನೇ ಫೀಸು ಕಟ್ಟಿ, ನಾಲ್ಕು ವರ್ಷ ಅಭ್ಯಾಸದಲ್ಲಿ ದೊಡ್ಡವರ ಕೈಲಿ ಗುದ್ದಿಸಿಕೊಂಡವನು. ಪಂದ್ಯದಲ್ಲಿ ಒಂದು ನಿಮಿಷವೂ ಆಡಿರಲಿಲ್ಲ.

ಕೊನೆಯ ವರ್ಷದ ಹುಡುಗರಿಗೆ ಊರಿನ ಮೈದಾನದ ಕೊನೆಯ ಪಂದ್ಯದ ದಿನ ಬೀಳ್ಕೊಡುಗೆ. ಅಪ್ಪ ಅಮ್ಮನ ಕೈ ಹಿಡಿದು ಮೈದಾನಕ್ಕೆ ನಡೆದು ಬರುತ್ತಾರೆ, ಒಬ್ಬೊಬ್ಬರ ಹೆಸರೂ ಕೂಗುತ್ತಾರೆ. ಅಂದು ಕೋಚ್ ಸ್ಟೆಂಗಲ್‌ನಂಥವರನ್ನೂ ಒಂದೆರಡು ಸಲ ಇಳಿಸುವುದು ವಾಡಿಕೆ. ಅದರ ಹಿಂದಿನ ಮಧ್ಯಾಹ್ನ ಡ್ವೈಟ್ ಹುಡುಗರನ್ನೆಲ್ಲ ಮಾತಾಡಿಸಿ, ಅಜ್ಜಿ ಹೆಸರೇನು, ನಾಯಿ ಹೆಸರೇನು ಎಂದು ರಟ್ಟಿನ ಮೇಲೆ ಬರೆದುಕೊಳ್ಳುತ್ತಿದ್ದ. ಸ್ಟೆಂಗಲ್ ತಲೆಯ ಕವಚವನ್ನು ಎರಡೂ ಕೈಯಲ್ಲಿ ತಿರುಗಿಸುತ್ತ ನಿಂತಿದ್ದ.

"ಸರ್, ಒಂದು ಮಾತು. ನಮ್ಮಪ್ಪಂಗೆ ಸಕ್ಕರೆ ಕಾಯಿಲೇಲಿ ಕಣ್ಣು ಹೋಗಿದೆ. ನಾಳೆ ಬರೋಕಾಗಲ್ಲ. ಆದ್ರೆ ನಾಲ್ಕು ವರ್ಷದಿಂದ ಪ್ರತಿ ಶನಿವಾರ ಟೀವಿ ಮುಂದೆ ಕೂತಿರ್ತಾರೆ, ನೀವು ನಮ್ಮ ಹೆಸರು ಹೇಳ್ತೀರೇನೋ ಅಂತ."

"ನಾಲ್ಕು ವರ್ಷದಿಂದನಾ?"

"ಹೂಂ ಸರ್. ನಾನು ಆಡಲ್ಲ ಅಂತ ಹೇಳಿದ್ರೂ ಕೇಳಲ್ಲ. ಸುಮ್ನೆ ಒಂದ್ಸಲ ಹೇಳಿ ಸರ್. ನೀರು ಕುಡೀತಾ ನಿಂತಿದಾನೆ ಅಂತಾದ್ರೂ ಪರವಾಗಿಲ್ಲ."

ಡ್ವೈಟ್ ನಕ್ಕು ಅವನ ಬೆನ್ನಿಗೊಂದು ಕೊಟ್ಟ. "ಹೇಳ್ತೀನಿ ಕಣೋ. ನಾಳೆ ನಿಮ್ಮಪ್ಪಂಗೆ ಕಿವಿ ಚೊಕ್ಕ ಮಾಡ್ಕೊಂಡು ಕೂತ್ಕೊಳ್ಳೋಕೆ ಹೇಳು." ರಟ್ಟಿನ ಮೇಲೆ ಸ್ಟೆಂಗಲ್ ಹೆಸರಿನ ಕೆಳಗೆ ಕೆಂಪು ಶಾಯಿಯಲ್ಲಿ "ಅಪ್ಪ ಹೆರ್ಮನ್, ಕೇಳುತ್ತಾರೆ" ಎಂದು ಬರೆದ. ಆ ಅಕ್ಷರಗಳನ್ನು ನಾನು ಕಣ್ಣಾರೆ ನೋಡಿದ್ದೇನೆ.

ಮರುದಿನ ಬೀಳ್ಕೊಡುಗೆಯ ಹೊತ್ತಿಗೆ ಸರಿಯಾಗಿ ಟೀವಿಯಲ್ಲಿ ಟ್ರ್ಯಾಕ್ಟರಿನ ಜಾಹೀರಾತು ಬಂತು. ಸ್ಟೆಂಗಲ್ ತನ್ನ ತಾಯಿ ಇರ್ಮಾಳ ಕೈ ಹಿಡಿದು ನಡೆದದ್ದು ಮೈದಾನದಲ್ಲಿದ್ದವರಿಗೆ ಮಾತ್ರ ಕಂಡಿತು. "ಪರವಾಗಿಲ್ಲ, ಆಟದ ಮಧ್ಯ ಹೇಳ್ತೀನಿ" ಎಂದ ಡ್ವೈಟ್. ಆಟ ಬಿಗಿಯಾಗುತ್ತ ಹೋಯಿತು, ಮರೆತ. ನಾನೂ ನೆನಪಿಸಲಿಲ್ಲ.

ಐವತ್ತೊಂದು ಸೆಕೆಂಡು ಉಳಿದಿತ್ತು. ಎದುರಾಳಿ ಮೆರಿಡಿಯನ್ ಟೆಕ್‌ನವರದು ಹದಿನೇಳು ಅಂಕ, ನಮ್ಮದು ಹದಿನಾಲ್ಕು. ಚೆಂಡು ಅವರ ಬಳಿ. ಅವರು ಅದನ್ನು ದೂರ ಒದ್ದುಬಿಟ್ಟರೆ ಮುಗಿಯಿತು. ಅದಕ್ಕೆ ಕೆಲವೇ ಕ್ಷಣ ಮೊದಲು ಬಾಯ್ಡ್‌ನ ಮೀನಖಂಡ ಹಿಡಿದುಕೊಂಡಿತ್ತು. ಅವನು ಕುಂಟುತ್ತ ಹೊರಗೆ ಹೋದದ್ದು, ಬೆಂಚಿನ ಮೇಲೆ ಕವಚ ತೆಗೆದು ಕಾಲು ತಿಕ್ಕಿಸಿಕೊಳ್ಳುತ್ತಿದ್ದದ್ದು ನನಗೆ ಕಂಡಿತು. ಅವನ ಜಾಗಕ್ಕೆ ಇನ್ನೊಬ್ಬ ನಲವತ್ತೊಂದು ಓಡಿ ಬಂದ. ನಾನು ಪಿನ್ನು ಕಿತ್ತು ಸ್ಟೆಂಗಲ್ ಹೆಸರಿಗೆ ಚುಚ್ಚಿದೆ. ಚುಚ್ಚುವಾಗ ಹೆರ್ಮನ್ ಕೇಳುತ್ತಿದ್ದಾನೆ ಎಂಬುದು ತಲೆಗೆ ಬಂತು.

ಅವರು ಒದ್ದರು. ನಮ್ಮ ನಲವತ್ತೊಂದು ಸಂದಿಯಲ್ಲಿ ನುಗ್ಗಿ ಒದ್ದ ಚೆಂಡಿಗೆ ಎದೆಯೊಡ್ಡಿದ. ಚೆಂಡು ಪುಟಿದು ಅವನ ಕೈಗೇ ಬಂತು. ಅವನು ಓಡಿದ. ನಾನು ಸ್ಟೆಂಗಲ್ ಹೆಸರಿನ ಮೇಲೆ ಬೆರಳಿಟ್ಟೆ, ಇಟ್ಟದ್ದು ಮಾತ್ರವಲ್ಲ, ಕುಟ್ಟಿದೆ. ಡ್ವೈಟ್ ಕೆಳಗೆ ನೋಡಲಿಲ್ಲ. ಎದ್ದು ನಿಂತಿದ್ದ, ಕತ್ತಿನ ನರ ಉಬ್ಬಿತ್ತು.

"ಬಾಯ್ಡ್! ಬಾಯ್ಡ್! ಬಾಗಿಲ ದೀಪ ಹಚ್ಚಿ ತಾಯಂದಿರಾ, ಬಾಯ್ಡ್ ಮನೆಗೆ ಬರ್ತಿದ್ದಾನೆ!"

ಆ ಕೂಗನ್ನು ನಮ್ಮ ರಾಜ್ಯದಲ್ಲಿ ಕೇಳದವರಿಲ್ಲ. ಹುಡುಗ ಗೆರೆ ದಾಟಿದ, ನಾವು ಗೆದ್ದೆವು, ಜನ ಮೈದಾನಕ್ಕೆ ನುಗ್ಗಿದರು. ಜಾಹೀರಾತು ಶುರುವಾಯಿತು. ನಾನು ಒಂದು ಚೀಟಿಯಲ್ಲಿ ದೊಡ್ಡದಾಗಿ "ಸ್ಟೆಂಗಲ್" ಎಂದು ಬರೆದು ಅವನ ಮೂಗಿನ ಕೆಳಗೆ ಹಿಡಿದೆ. ಅವನ ಬಣ್ಣ ಇಳಿಯಿತು.

"ಅಯ್ಯೋ ದೇವರೇ. ಅವನಾ?"

"ಅವನೇ. ಬ್ರೇಕ್ ಮುಗಿದ ತಕ್ಷಣ ಹೇಳಿಬಿಡು. ತಪ್ಪಾಯ್ತು, ಸ್ಟೆಂಗಲ್ ಅನ್ನು, ಮುಗೀತು."

ಇದರಲ್ಲಿ ನಾಚಿಕೆ ಪಡುವಂಥದ್ದೇನೂ ಇರಲಿಲ್ಲ. ಪಂದ್ಯಕ್ಕೆ ಎರಡು ಮೂರು ಸಲ ಹೀಗೆ ತಿದ್ದುತ್ತಿದ್ದೆವು. ಅಷ್ಟರಲ್ಲಿ ಅವನ ಕಿವಿಗೆ ಪ್ರೊಡ್ಯೂಸರ್‌ನ ಮಾತು ಬಂತು, ನನಗೂ ಕೇಳಿಸಿತು: "ಡ್ವೈಟ್, ಏನಪ್ಪಾ ಕೂಗು ಅದು! ನನಗೆ ಮೈ ಜುಂ ಅಂತು. ಇದನ್ನ ದೇಶಕ್ಕೆಲ್ಲ ಕಳಿಸ್ತೀನಿ." ಬ್ರೇಕ್ ಮುಗಿದು, ನಮ್ಮ ಮಾತು ಟೀವಿಗೆ ಹೋಗುತ್ತಿದೆ ಎನ್ನುವ ಕೆಂಪು ದೀಪ ಹೊತ್ತಿಕೊಂಡಿತು. ಡ್ವೈಟ್ ನನ್ನ ಚೀಟಿಯನ್ನು ಮೇಜಿನ ಮೇಲೆ ಬೋರಲು ಹಾಕಿ, ವಂದನೆ ಹೇಳಿ, ಪಂದ್ಯ ಮುಗಿಸಿದ.

ಮೊದಲನೆಯದು ಕಣ್ಣಿನ ತಪ್ಪು, ಯಾರಿಂದಲೂ ಆಗುವಂಥದ್ದು. ಚೀಟಿ ಬೋರಲು ಹಾಕಿದ್ದನ್ನು ನಾನು ಇವತ್ತಿಗೂ ಕ್ಷಮಿಸಿಲ್ಲ.

ಪತ್ರಿಕೆಯವರು ಹೆಸರನ್ನು ಸರಿಯಾಗಿಯೇ ಹಾಕಿದರು, ಒಳಪುಟದಲ್ಲಿ, ಅಂಕಿಗಳ ಪಟ್ಟಿಯಲ್ಲಿ. ಬಾಯ್ಡ್ ಒಳ್ಳೆಯ ಹುಡುಗ. ಸಿಕ್ಕವರಿಗೆಲ್ಲ "ನಾನಲ್ಲ ಮಾರಾಯ್ರೆ, ನಾನು ಬೆಂಚಲ್ಲಿ ಕಾಲು ತಿಕ್ಕಿಸ್ಕೊಳ್ತಿದ್ದೆ" ಅಂದ. ಜನ ಅವನ ವಿನಯವನ್ನು ಹೊಗಳಿದರು. ಟೀವಿಯಲ್ಲಿ ದಿನಕ್ಕೆ ಹತ್ತು ಸಲ ಡ್ವೈಟ್‌ನ ದನಿ ಬಾಯ್ಡ್ ಎನ್ನುತ್ತಿದ್ದರೆ ಬಾಯ್ಡ್‌ನ ಮಾತನ್ನೇ ಯಾರು ನಂಬುತ್ತಾರೆ?

ಬುಧವಾರ ಇರ್ಮಾಳ ಕಾಗದ ಬಂತು. ನಾವಿಬ್ಬರೂ ಓದಿದೆವು. ಬೈಗುಳ ಇರಲಿಲ್ಲ. ನನ್ನ ಗಂಡ ನಿಮ್ಮ ಬಾಯಿಂದ ಕೇಳಿದರೆ ಮಾತ್ರ ನಂಬುತ್ತಾರೆ, ಬರುವ ಶನಿವಾರ ಹೊರಊರಿನಲ್ಲಿ ನಡೆಯುವ ಈ ವರ್ಷದ ಕೊನೆಯ ಪಂದ್ಯದಲ್ಲಿ ಒಂದೇ ಒಂದು ಮಾತು ಹೇಳುತ್ತೀರಾ, ಅವರ ಆರೋಗ್ಯ ಚೆನ್ನಾಗಿಲ್ಲ ಎಂದು ಬರೆದಿದ್ದಳು.

"ಹೇಳೇ ಹೇಳ್ತೀನಿ" ಅಂದ ಡ್ವೈಟ್.

ಶನಿವಾರ ದೊಡ್ಡ ಚಾನೆಲ್‌ನ ಇಬ್ಬರು ನಮ್ಮ ಕೋಣೆಗೇ ಬಂದು ನಮ್ಮ ಹಿಂದೆ ಕೂತರು. ದೇಶದಗಲ ತೋರಿಸುವವರು. ಆ ಕೂಗಿನವನನ್ನು ನೋಡಬೇಕೆಂದು ಬಂದದ್ದು. ಅವರೆದುರು, ಆ ಕೂಗು ತಪ್ಪು ಎಂದು ಹೇಳಲು ಅವನಿಗೆ ಬಾಯಿ ಬರಲಿಲ್ಲ. ನಾನು ಮೂರು ಸಲ ಭುಜ ತಟ್ಟಿದೆ, ಮೂರು ಸಲವೂ ತಲೆ ಕೊಡವಿದ.

ಆದರೆ ನಾನೇನು ಮಾಡಿದೆ? ಸ್ಟೆಂಗಲ್ ಅವರ ತೋಟದ ಮನೆ ಒಂದು ಗಂಟೆಯ ದಾರಿ. ಹೋಗಿ ಹೆರ್ಮನ್‌ನ ಕೈ ಹಿಡಿದು, ಈ ಬೆರಳು ನಿಮ್ಮ ಮಗನ ಹೆಸರಿನ ಮೇಲಿತ್ತು ಸ್ವಾಮೀ ಎಂದು ಹೇಳಬಹುದಿತ್ತು. ತಂಗಿ ಆಗಲೇ ದೊಡ್ಡ ಊರಿನಲ್ಲಿ ಮನೆ ನೋಡುತ್ತಿದ್ದಳು, ಮುಖದ ತುಂಬ ನಗು. ನಾನು ಕಾರು ತೆಗೆಯಲಿಲ್ಲ. ಜನವರಿಯಲ್ಲಿ ಇರ್ಮಾಳಿಂದ ಎರಡನೆಯ ಕಾಗದ ಬಂತು. "ಒಂಬತ್ತನೇ ತಾರೀಕು ಹೆರ್ಮನ್ ಹೋದರು. ಇನ್ನು ನೀವು ತೊಂದರೆ ತೆಗೆದುಕೊಳ್ಳುವುದು ಬೇಡ." ಅಷ್ಟೇ.

ಆಮೇಲೆ ಡ್ವೈಟ್ ದೊಡ್ಡ ಚಾನೆಲ್ ಸೇರಿದ. ನನ್ನನ್ನು ಬಿಡಲಿಲ್ಲ. ಪ್ರತಿ ಶುಕ್ರವಾರ ಶಾಲೆ ಮುಗಿಸಿ ವಿಮಾನ ಹತ್ತುತ್ತಿದ್ದೆ, ಭಾನುವಾರ ವಾಪಸ್. ಎಂಬತ್ತು ಸಾವಿರ ಜನರ ಮೈದಾನಗಳು, ಬೆಳ್ಳಿತಟ್ಟೆಯಲ್ಲಿ ಊಟ. ಆದರೆ ಅವನಲ್ಲಿ ಏನೋ ಮುರಿದಿತ್ತು. ಪ್ರತಿ ಸಲವೂ ಮೊದಲು ನನ್ನ ಬೆರಳು ನೋಡುತ್ತಿದ್ದ. ನೋಡಿ, ಓದಿ, ಮತ್ತೆ ಮೈದಾನ ನೋಡಿ, ಆಮೇಲೆ ಹೆಸರು. ಅಷ್ಟರಲ್ಲಿ ಓಡುವವನು ಬಿದ್ದು ಎದ್ದಿರುತ್ತಿದ್ದ.

"ಆಟ ನೋಡೋ ಮಹಾರಾಯ, ನನ್ನ ಉಗುರಲ್ಲೇನಿದೆ?" ಎಂದು ರೇಗುತ್ತಿದ್ದೆ.

"ನಿನ್ನ ಬೆರಳು ನೋಡದೆ ಬಾಯಿ ಬಿಡಲ್ಲ ಟೀಚರಮ್ಮ. ಒಂದ್ಸಲ ಬಿಟ್ಟಿದ್ದು ಸಾಕು."

ಅವರು ಕೊಂಡದ್ದು ಹಿಂದೆಮುಂದೆ ನೋಡದೆ ಕೂಗುವವನನ್ನು. ಸಿಕ್ಕಿದ್ದು ಅರ್ಧ ಸೆಕೆಂಡು ತಡವಾಗಿ, ಎಲ್ಲ ಹೆಸರನ್ನೂ ಸರಿಯಾಗಿ ಹೇಳುವವನು. ಎಂಟು ವರ್ಷ ಸಹಿಸಿಕೊಂಡು, ಹೂಗುಚ್ಛ ಕೊಟ್ಟು ಕಳಿಸಿದರು. ಅವನು ಟಾರ್ಕೆಟ್‌ನ ಸಣ್ಣ ಚಾನೆಲ್‌ಗೇ ಮರಳಿದ. ಊರವರು ದೂರಲಿಲ್ಲ. ನಮ್ಮ ಡ್ವೈಟ್‌ಗೆ ವಯಸ್ಸಾಯಿತು ಎಂದರು. ಹಳೆಯ ಕೂಗು ಮಾತ್ರ ಅಂಗಿಯ ಮೇಲೆ, ಪೀಠೋಪಕರಣದ ಅಂಗಡಿಯ ಜಾಹೀರಾತಿನಲ್ಲಿ, ಮದುವೆ ಮನೆಗಳಲ್ಲಿ ಓಡಾಡಿಕೊಂಡಿತ್ತು. ಅದನ್ನು ಕೇಳಿದಾಗಲೆಲ್ಲ ಅವನು ತಟ್ಟೆಯ ಮೇಲೆ ಕಣ್ಣಿಟ್ಟು ತಿನ್ನುತ್ತಿದ್ದ.

ಎರಡು ಸಾವಿರದ ಹನ್ನೆರಡು ಅವನ ಕೊನೆಯ ವರ್ಷ. ಕೊನೆಯ ಪಂದ್ಯದಲ್ಲಿ ಸನ್ಮಾನ, ಆ ಕೂಗನ್ನು ದೊಡ್ಡ ಪರದೆಯ ಮೇಲೆ ಹಾಕುತ್ತೇವೆ ಎಂದು ಕಾಲೇಜಿನವರು ಹೇಳಿ ಕಳಿಸಿದರು. ಆ ವಾರ ಮಂಗಳವಾರ ಬೆಳಿಗ್ಗೆ ಡ್ವೈಟ್ ನನ್ನ ಮನೆ ಮುಂದೆ ಕಾರು ನಿಲ್ಲಿಸಿ, ಇಳಿಯದೆಯೇ ಹೇಳಿದ: "ಸ್ಟೆಂಗಲ್ ಮನೆಗೆ ಹೋಗೋಣ. ಒಬ್ಬನೇ ಹೋಗೋ ಧೈರ್ಯ ಇಲ್ಲ."

ರೋಜರ್‌ಗೆ ನಲವತ್ತು ದಾಟಿತ್ತು. ಹೊಲಕ್ಕೆ ನೀರು ಹಾಯಿಸುವ ಯಂತ್ರಗಳ ರಿಪೇರಿ ಮಾಡುತ್ತಿದ್ದ, ಕೈಯೆಲ್ಲ ಗ್ರೀಸು. ನಮ್ಮನ್ನು ಗುರುತಿಸಿ, ಕೈ ಒರೆಸಿಕೊಂಡು, ಒಳಗೆ ಕರೆದ. ಇರ್ಮಾ ಒಲೆಯ ಬಳಿ ಇದ್ದಳು. ಬೆನ್ನು ಬಾಗಿತ್ತು. ನಮ್ಮ ಮುಂದೆ ಬಿಸಿ ಹುರುಳಿ-ಮಾಂಸದ ಸಾರು, ಪಕ್ಕದಲ್ಲಿ ದಾಲ್ಚಿನ್ನಿ ರೊಟ್ಟಿ ಇಟ್ಟಳು. ಮನೆಗೆ ಬಂದವರನ್ನು ಹಸಿದು ಕಳಿಸುವ ಹೆಂಗಸಲ್ಲ, ಬಂದವನು ಯಾರೇ ಆಗಿರಲಿ.

ಡ್ವೈಟ್ ಚಮಚ ಮುಟ್ಟಲಿಲ್ಲ. "ಬರೋ ಶನಿವಾರ ಹೇಳಿಬಿಡ್ತೀನಿ ರೋಜರ್. ಎಲ್ಲರ ಮುಂದೆ. ನಿಮ್ಮಪ್ಪಂಗೋಸ್ಕರ."

ರೋಜರ್ ಕೈ ಒರೆಸಿಕೊಂಡ ಬಟ್ಟೆಯನ್ನು ಮೇಜಿನ ಮೇಲಿಟ್ಟ.

"ಅವತ್ತು ಮನೆಗೆ ಬಂದು ಹೇಳ್ದೆ ಸರ್. ಅಪ್ಪಾ, ಓಡಿದ್ದು ನಾನು ಅಂತ. ನಕ್ಕರು. ಕುರುಡ ಮುದುಕನ್ನ ಸಮಾಧಾನ ಮಾಡೋಕೆ ತಾಯಿ ಮಗ ಮಾತಾಡ್ಕೊಂಡಿದೀರಾ ಅಂದ್ರು. ಅಮ್ಮ ಪೇಪರ್ ಓದಿದ್ಲು. ಪೇಪರ್‌ನೋರು ಏನ್ ಬೇಕಾದ್ರೂ ಹಾಕ್ತಾರೆ, ಡ್ವೈಟ್ ಕಣ್ಣಾರೆ ನೋಡಿ ಹೇಳಿದಾನೆ ಅಂದ್ರು."

"ಆಮೇಲೆ?"

"ಕೊನೆ ಪಂದ್ಯದಲ್ಲಿ ನೀವು ಹೇಳ್ತೀರಿ ಅಂತ ಅಮ್ಮ ಅಂದಿದ್ಲು. ಮೂರು ಗಂಟೆ ಅಲ್ಲಾಡದೆ ಕೂತಿದ್ರು. ನೀವು ಹೇಳ್ಲಿಲ್ಲ. ಅವತ್ತು ಸಂಜೆ ನನ್ನ ಕರೆದು, ಮಗಾ, ಸುಳ್ಳು ಹೇಳ್ಬೇಡ, ಬಾಯ್ಡ್ ಓಡ್ವಾಗ ನೀನೆಲ್ಲಿದ್ದೆ ಅಂತ ಕೇಳಿದ್ರು. ನಾನು... ಅವನಿಗೆ ದಾರಿ ಬಿಡಿಸ್ತಿದ್ದೆ ಅಪ್ಪಾ, ಅಡ್ಡ ಬಂದವನನ್ನ ಕೆಡವಿದೆ ಅಂದೆ. ಆಗ ನಂಬಿದ್ರು. ಬೆನ್ನು ತಟ್ಟಿ, ಅದೂ ದೊಡ್ಡ ಕೆಲಸಾನೇ ಕಣೋ ಅಂದ್ರು. ನಾನು ಮಾಡದೇ ಇದ್ದ ಕೆಲಸಕ್ಕೆ ನಮ್ಮಪ್ಪ ಬೆನ್ನು ತಟ್ಟಿದ್ರು ಸರ್."

ಡ್ವೈಟ್ ಸಾರಿನ ಬಟ್ಟಲನ್ನು ಪಕ್ಕಕ್ಕೆ ಸರಿಸಿದ.

"ಹೇಳೋದಾದ್ರೆ ಹೇಳಿ. ನಿಮಗೋಸ್ಕರ ಹೇಳ್ಕೊಳ್ಳಿ. ನಮ್ಮಪ್ಪಂಗೆ ಅಂತ ಮಾತ್ರ ಹೇಳ್ಬೇಡಿ" ಎಂದು ರೋಜರ್ ಎದ್ದು ಕೆಲಸಕ್ಕೆ ಹೋದ. ಇರ್ಮಾ ಬಾಗಿಲವರೆಗೆ ಬಂದಳು. "ಅವರು ಹೋದ ಮೇಲೆ ಈ ಮನೇಲಿ ಆಟ ಹಾಕಲ್ಲ. ಶನಿವಾರ ನಾವು ಕೇಳ್ತಿರ್ತೀವಿ ಅಂದ್ಕೋಬೇಡಿ" ಎಂದಳು. ಕೋಪದಿಂದಲ್ಲ, ದಾರಿ ಹೇಳುವವರ ಹಾಗೆ ಹೇಳಿದಳು. ಹಿಂದಿರುಗುವಾಗ ಡ್ವೈಟ್ ಅತ್ತ. ನಾನು ಸಮಾಧಾನ ಮಾಡಲಿಲ್ಲ. ನನ್ನದೇ ಸಾಕಷ್ಟಿತ್ತು.

ಶನಿವಾರ ಅರ್ಧ ಆಟಕ್ಕೆ ಪರದೆಯ ಮೇಲೆ ಆ ಓಟ ಬಂತು. ಇಡೀ ಮೈದಾನ ಒಟ್ಟಿಗೆ ಕೂಗಿತು, ಬಾಗಿಲ ದೀಪ ಹಚ್ಚಿ ತಾಯಂದಿರಾ, ಬಾಯ್ಡ್ ಮನೆಗೆ ಬರ್ತಿದ್ದಾನೆ! ತೊಂಬತ್ತೊಂದರ ಆ ಪಂದ್ಯದ ಹಳೆಯ ರಟ್ಟನ್ನು ನಾನು ಮನೆಯಿಂದ ತಂದಿದ್ದೆ. ಅದನ್ನು ಮೇಜಿನ ಮೇಲೆ ಬಿಚ್ಚಿ, ಪಿನ್ನಿನ ತೂತು ಇನ್ನೂ ಉಳಿದಿದ್ದ ಆ ಹೆಸರಿನ ಮೇಲೆ ಬೆರಳಿಟ್ಟೆ. ಅವನು ನೋಡಿದ. ಬಾಯಿ ತೆರೆಯುವಷ್ಟರಲ್ಲಿ ಕೆಂಪು ದೀಪ ಆರಿತು. ಜಾಹೀರಾತು.

"ಬ್ರೇಕ್ ಮುಗಿದ ಮೇಲೆ ಹೇಳು" ಎಂದೆ.

ಅದೇ ಮಾತನ್ನು ಇಪ್ಪತ್ತೊಂದು ವರ್ಷದ ಹಿಂದೆಯೂ ಹೇಳಿದ್ದೆ. ಇಬ್ಬರಿಗೂ ನೆನಪಿತ್ತು. ಎರಡು ನಿಮಿಷ ಅವನು ನನ್ನ ಬೆರಳನ್ನು ಬಿಟ್ಟು ಬೇರೇನನ್ನೂ ನೋಡಲಿಲ್ಲ. ದೀಪ ಹೊತ್ತಿಕೊಂಡಿತು.

"ಆ ದಿನ ಓಡಿದವನು ಬಾಯ್ಡ್ ಅಲ್ಲ, ರೋಜರ್ ಸ್ಟೆಂಗಲ್. ನಾನು ತಪ್ಪು ಹೇಳಿದೆ" ಎಂದ ಡ್ವೈಟ್. ದನಿ ಏರಿಸಲಿಲ್ಲ. ಮೈದಾನದಲ್ಲಿ ಬ್ಯಾಂಡು ಬಾರಿಸುತ್ತಲೇ ಇತ್ತು.

ಕೋಣೆಯ ಗೋಡೆಯ ಮೇಲೆ ಸೆಕೆಂಡು ಎಣಿಸುವ ಗಡಿಯಾರವಿತ್ತು. ಅಭ್ಯಾಸಬಲದಿಂದ ಅದರ ಕಡೆ ನೋಡಿದೆ. ಅಷ್ಟು ಹೇಳಲು ಐದು ಸೆಕೆಂಡು ಹಿಡಿದಿತ್ತು.